ಹೆಸರಿನ ಅಕ್ಷರ, ಮುಪ್ಪಿನ ಪಿಂಚಣಿ
(ಸಂಘದ ವಾರ್ಷಿಕ ಸಮಾರಂಭದಲ್ಲಿ ಮಾಡಿದ ಭಾಷಣ)



ನಮ್ಮ ಶ್ರೀಗಂಧದ ಕಾವಲಿನ ಎಷ್ಟೋ ಮನೆಗಳು ಕಾರ್ಖಾನೆಯ ಸಂಬಳದಿಂದ ನಡೆಯುತ್ತವೆ. ಆ ಸಂಬಳ ನಿಂತ ಮೇಲೆ ಏನು ಗತಿ ಎಂಬುದನ್ನು ನಾವು ಯೋಚಿಸುವುದು ಕಡಿಮೆ.

ನಮ್ಮ ಚಾಚಾ ಒಂದೇ ಕಾರ್ಖಾನೆಯಲ್ಲಿ 14 ವರ್ಷ ದುಡಿದವರು. 58 ತುಂಬಿದಾಗ ಪಿಂಚಣಿಗೆ ಅರ್ಜಿ ಹಾಕಿದರು. ಅರ್ಜಿ ವಾಪಸು ಬಂತು. ಮೊದಲ 8 ವರ್ಷ 'ಮಹಮ್ಮದ್' ಎಂದು ಒಂದು ಖಾತೆ, ಮಾಲೀಕರು ಬದಲಾದ ಮೇಲೆ 6 ವರ್ಷ ಬರೀ 'ಎಂಡಿ' ಎಂದು ಇನ್ನೊಂದು ಖಾತೆ! ಉರ್ದುವಿನಲ್ಲಿ ಆ ಹೆಸರಿಗೆ ಮೀಮ್, ಹೇ, ಮೀಮ್, ದಾಲ್ ಎಂಬ ನಾಲ್ಕೇ ಅಕ್ಷರ. ಇಂಗ್ಲಿಷಿನಲ್ಲಿ ಗುಮಾಸ್ತರಿಗೊಂದು ರೂಪ.

1995ರ ನವೆಂಬರ್ 16ರಿಂದ ಜಾರಿಗೆ ಬಂದ ನೌಕರರ ಪಿಂಚಣಿ ಯೋಜನೆಯಲ್ಲಿ ತಿಂಗಳ ಪಿಂಚಣಿ ಸಿಗಲು 10 ವರ್ಷದ ಸೇವೆ ಬೇಕು. ಸರಾಸರಿ ಸಂಬಳವನ್ನು ಸೇವೆಯ ವರ್ಷಗಳಿಂದ ಗುಣಿಸಿ 70ರಿಂದ ಭಾಗಿಸುತ್ತಾರೆ. 2014ರ ಸೆಪ್ಟೆಂಬರಿನಲ್ಲಿ ನಿಗದಿಯಾದ 15,000 ರೂಪಾಯಿ ಮಿತಿಯನ್ನು ಹಿಡಿದು ಲೆಕ್ಕ ಹಾಕಿ ನೋಡಿ: 14 ವರ್ಷಕ್ಕೆ ತಿಂಗಳಿಗೆ 3,000 ರೂಪಾಯಿ. ಅದೇ 8 ಮತ್ತು 6 ಎಂದು ಒಡೆದರೆ ಪಿಂಚಣಿಯೇ ಇಲ್ಲ.

ತಿದ್ದುಪಡಿಗೆ ನೌಕರ ಮತ್ತು ಮಾಲೀಕ ಇಬ್ಬರೂ ಸಹಿ ಮಾಡಿದ ಜಂಟಿ ಘೋಷಣಾ ಪತ್ರ ಬೇಕಾಗಿತ್ತು. ಹೊಸ ಮಾಲೀಕರು, "ಹಳೆಯದು ನಮಗೆ ಸಂಬಂಧವಿಲ್ಲ" ಎಂದುಬಿಟ್ಟರು. ಚಾಚಾ ಜಗಳವಾಡಲಿಲ್ಲ. ನೇಮಕಾತಿ ಪತ್ರ, ಹಳೆಯ ಸಂಬಳ ಚೀಟಿ, ಇಎಸ್‌ಐ ಕಾರ್ಡುಗಳನ್ನು ಜೋಡಿಸಿ ರಿಜಿಸ್ಟರ್ಡ್ ಪೋಸ್ಟಿನಲ್ಲಿ ಪತ್ರ ಬರೆದರು. ಅದರ ನಕಲನ್ನು ಭವಿಷ್ಯನಿಧಿ ಕಚೇರಿಗೂ ಕೊಟ್ಟರು. ಅಲ್ಲಿ ಇಬ್ಬರನ್ನೂ ಕೂರಿಸಿ ಕೇಳಿದಾಗ ಕಾಗದಗಳೇ ಮಾತನಾಡಿದವು. ಸಹಿ ಬಿತ್ತು. ಆದರೆ ಅಷ್ಟರಲ್ಲಿ ಎರಡು ವರ್ಷ ಕಳೆದಿತ್ತು. ಚಾಚಿಯ ಬಳೆಗಳು ಅಡವಿಗೆ ಹೋಗಿದ್ದವು.

ಪಿಂಚಣಿ ಕೇಳುವುದು ಭಿಕ್ಷೆ ಬೇಡಿದಂತೆ ಎಂದು ಸಂಕೋಚಪಡುವವರಿದ್ದಾರೆ. ಸರ್ಕಾರಿ ನಿವೃತ್ತರ ಡಿ.ಎಸ್. ನಕಾರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1982ರ ಡಿಸೆಂಬರ್ 17ರಂದೇ ಪಿಂಚಣಿ ಮಾಲೀಕನ ಕೃಪೆಯಲ್ಲ, ಮಾಡಿದ ಸೇವೆಗೆ ಸಲ್ಲುವ ಹಕ್ಕು ಎಂದು ಹೇಳಿದೆ. ಡಿಸೆಂಬರ್ 17ನ್ನು ಪಿಂಚಣಿದಾರರ ದಿನವೆಂದು ಆಚರಿಸುವುದು ಅದಕ್ಕಾಗಿಯೇ.

ವಿದ್ಯಾರ್ಥಿಗಳೆ, ಇಂದು ಮನೆಗೆ ಹೋಗಿ ಅಬ್ಬಾ, ಅಮ್ಮಿಯರ ಭವಿಷ್ಯನಿಧಿ ಖಾತೆ ಮತ್ತು ಆಧಾರ್ ಕಾರ್ಡನ್ನು ಪಕ್ಕಪಕ್ಕ ಇಟ್ಟು ಓದಿ. ಹೆಸರು, ತಂದೆಯ ಹೆಸರು, ಹುಟ್ಟಿದ ದಿನಾಂಕ, ಕೆಲಸಕ್ಕೆ ಸೇರಿದ ಮತ್ತು ಬಿಟ್ಟ ದಿನಾಂಕ ತಾಳೆಯಾಗುತ್ತವೆಯೇ ನೋಡಿ. ತಪ್ಪಿದ್ದರೆ ಕೆಲಸದಲ್ಲಿರುವಾಗಲೇ ಸರಿಪಡಿಸಿಕೊಳ್ಳಲಿ.

ಸಂಘದ ಹಿರಿಯರಲ್ಲಿ ಒಂದು ವಿನಂತಿ. ಶಾಲೆ ನಡೆಸುವ ನಾವೂ ಮಾಲೀಕರೇ. ನಮ್ಮ ಶಿಕ್ಷಕರ, ಆಯಾಗಳ ದಾಖಲೆಗಳನ್ನು ವರ್ಷಕ್ಕೊಮ್ಮೆ ಅವರಿಗೇ ತೋರಿಸಿ ಸಹಿ ಪಡೆಯೋಣ. ನಿವೃತ್ತರಾದವರು ನಮ್ಮ ಬಾಗಿಲಿಗೆ ಅಲೆಯುವಂತೆ ಆಗಬಾರದು. ಹೆಸರನ್ನು ಸರಿಯಾಗಿ ಬರೆಯುವುದೂ ವಿದ್ಯೆಯೇ.