‘ಆಂತರಿಕ ವಿಚಾರ’ವೆಂಬ ಮರೆ



ತನ್ನ ಪ್ರಜೆಗಳ ಮೇಲೆಯೇ ಕೈಮಾಡಿದ ಪ್ರಭುತ್ವವು ಹೊರಜಗತ್ತು ಪ್ರಶ್ನಿಸಿದಾಗ, ‘ಇದು ನಮ್ಮ ಆಂತರಿಕ ವಿಚಾರ’ ಎನ್ನುತ್ತದೆ. ಸಾರ್ವಭೌಮತ್ವದ ಹೆಸರಿನ ಈ ಉತ್ತರವನ್ನು ಜೀವಮಾನವಿಡೀ ಪ್ರಶ್ನಿಸಿದವರು ಶರೀಫ್ ಬಸ್ಸಿಯೂನಿ (1937-2017). ಕೈರೋದಲ್ಲಿ ಜನಿಸಿದ ಅವರು ಷಿಕಾಗೋದ ಡಿಪಾಲ್ ವಿಶ್ವವಿದ್ಯಾನಿಲಯದಲ್ಲಿ ಕಾನೂನು ಬೋಧಿಸಿದರು. ಅವರನ್ನು ಅಧ್ಯಯನ ಮಾಡಬಯಸುವ ನಾವು ಅವರ ಗ್ರಂಥಗಳ ಜೊತೆಗೆ ಅವರು ಮುನ್ನಡೆಸಿದ ಆಯೋಗಗಳ ವರದಿಗಳನ್ನೂ ಓದಬೇಕು. ಅವರ ವಿಚಾರಗಳು ಒರೆಗೆ ಹಚ್ಚಲ್ಪಟ್ಟದ್ದು ಅಲ್ಲಿಯೇ.

1992ರಲ್ಲಿ ಭದ್ರತಾ ಮಂಡಳಿಯು ಹಿಂದಿನ ಯುಗೊಸ್ಲಾವಿಯಾದ ಯುದ್ಧಾಪರಾಧಗಳ ತನಿಖೆಗೆ ತಜ್ಞರ ಆಯೋಗವೊಂದನ್ನು ರಚಿಸಿತು. ಮರುವರ್ಷ ಬಸ್ಸಿಯೂನಿ ಅದರ ಅಧ್ಯಕ್ಷರಾದರು. ವಿಶ್ವಸಂಸ್ಥೆ ಸಾಕಷ್ಟು ಹಣ ಒದಗಿಸಲಿಲ್ಲ. ಅವರು ತಮ್ಮ ವಿಶ್ವವಿದ್ಯಾನಿಲಯದಲ್ಲೇ ಸ್ವಯಂಸೇವಕರ ನೆರವಿನಿಂದ ಬಂಧನ ಶಿಬಿರ, ಸಾಮೂಹಿಕ ಗೋರಿ, ಅತ್ಯಾಚಾರಗಳ ದಾಖಲೆ ಕಲೆಹಾಕಿದರು. ಆಯೋಗಕ್ಕೆ ಯಾರನ್ನೂ ಶಿಕ್ಷಿಸುವ ಅಧಿಕಾರವಿರಲಿಲ್ಲ. ಆದರೆ ಅದು ಕೂಡಿಟ್ಟ ಸಾಕ್ಷ್ಯ ಹೇಗ್‌ನ ನ್ಯಾಯಮಂಡಳಿಯ ಕೈಸೇರಿತು. ಬೋಸ್ನಿಯಾದ ಸಂತ್ರಸ್ತರ ನೋವು ಅಳಿಸಲಾಗದ ದಾಖಲೆಯಾಯಿತು.

ಬಲಿಷ್ಠ ರಾಷ್ಟ್ರದ ಎದುರು ಇದೇ ಕೆಲಸ ಎಷ್ಟು ದುರ್ಬಲವೆಂಬುದೂ ಅವರ ಬದುಕಿನಲ್ಲೇ ಕಂಡಿತು. ಅಫ್ಘಾನಿಸ್ತಾನಕ್ಕೆ ವಿಶ್ವಸಂಸ್ಥೆಯ ಸ್ವತಂತ್ರ ತಜ್ಞರಾಗಿದ್ದ ಅವರು ಅಮೇರಿಕದ ಪಡೆಗಳ ಬಂಧನ ಕೇಂದ್ರಗಳನ್ನು ಟೀಕಿಸಿದರು. 2005ರಲ್ಲಿ ಆ ಹುದ್ದೆಯೇ ಮುಂದುವರಿಯಲಿಲ್ಲ.

2011ರಲ್ಲಿ ಬಹ್ರೈನ್‌ನಲ್ಲಿ ಜನರ ಪ್ರತಿಭಟನೆಯನ್ನು ಹತ್ತಿಕ್ಕಲಾಯಿತು. ಬಳಿಕ ಅಲ್ಲಿನ ದೊರೆಯೇ ನೇಮಿಸಿದ ತನಿಖಾ ಆಯೋಗಕ್ಕೆ ಬಸ್ಸಿಯೂನಿ ಅಧ್ಯಕ್ಷರಾದರು. ಬಂಧಿತರಿಗೆ ಚಿತ್ರಹಿಂಸೆ ನೀಡಲಾಗಿತ್ತೆಂದು ನವೆಂಬರ್‌ನಲ್ಲಿ ದೊರೆಯ ಸಮ್ಮುಖದಲ್ಲೇ ಅವರು ಸಾರಿದರು. ಆದರೆ ಶಿಫಾರಸುಗಳ ಜಾರಿ ಮತ್ತೆ ಅದೇ ಸರಕಾರದ ಕೈಯಲ್ಲಿ ಉಳಿಯಿತು.

ಹಾಗಾದರೆ ಸಾರ್ವಭೌಮತ್ವಕ್ಕೆ ಬೆಲೆಯಿಲ್ಲವೇ? ಇದೆ. 1998ರಲ್ಲಿ ರೋಮ್‌ನಲ್ಲಿ ಅಂತಾರಾಷ್ಟ್ರೀಯ ಅಪರಾಧ ನ್ಯಾಯಾಲಯದ ಶಾಸನವನ್ನು ಸಿದ್ಧಪಡಿಸಿದ ಕರಡು ಸಮಿತಿಗೂ ಅವರೇ ಅಧ್ಯಕ್ಷರು. 120 ರಾಷ್ಟ್ರಗಳು ಅದನ್ನು ಬೆಂಬಲಿಸಿದವು, ಭಾರತ ತಟಸ್ಥವಾಗಿ ಉಳಿಯಿತು. ಒಂದು ದೇಶವು ತಾನೇ ಪ್ರಾಮಾಣಿಕವಾಗಿ ವಿಚಾರಣೆ ನಡೆಸಿದರೆ ಆ ನ್ಯಾಯಾಲಯ ಮಧ್ಯ ಪ್ರವೇಶಿಸದು. ಅದಕ್ಕೆ ಮನಸ್ಸಿಲ್ಲದಾಗ ಅಥವಾ ಶಕ್ತಿಯಿಲ್ಲದಾಗ ಮಾತ್ರ ಅದರ ಸರದಿ. ಅಂದರೆ ನ್ಯಾಯ ಒದಗಿಸುವ ಪ್ರಭುತ್ವಕ್ಕೆ ಭಯಪಡಲು ಕಾರಣವಿಲ್ಲ.

ಬಂಧುಗಳೇ, ಬೋಸ್ನಿಯಾದ ವರದಿಯನ್ನು ಕೊಂಡಾಡುವ ನಮ್ಮ ನಾಲಗೆ ಬಹ್ರೈನ್‌ನ ವರದಿಯ ಮುಂದೆ ತಡವರಿಸಬಾರದು. ಅಲ್ಲಿ ಪೀಡಕರು ಪರರು, ಇಲ್ಲಿ ನಮ್ಮವರೆನಿಸಿಕೊಂಡವರು. ಇಬ್ಬರಿಗೂ ತಕ್ಕಡಿ ಒಂದೇ ಆಗಿರಲಿ.