ಗಾಜಿನ ಎಳೆಯಲ್ಲಿ ಬೆಳಕಿನ ದಾರಿ

(ಶಾಲೆಯ ಸುವರ್ಣ ಮಹೋತ್ಸವದ ಅಂಗವಾಗಿ ನಡೆದ ವಿಜ್ಞಾನ ಉಪನ್ಯಾಸದಲ್ಲಿ ಹಳೆಯ ವಿದ್ಯಾರ್ಥಿಯೊಬ್ಬರು ಮಾಡಿದ ಭಾಷಣ)



ಮುತ್ತತ್ತಿ ದಾರಿಯ ಈ ಶಾಲೆಯಲ್ಲಿ ಓದಿದವರು ನಾನಾ ಕೆಲಸಗಳಲ್ಲಿದ್ದಾರೆ. ನಾನು ಕೇಬಲ್ ಜೋಡಿಸುವ ಕೆಲಸ ಮಾಡಿದವನು. ಮೊದಲು ತಾಮ್ರದ ತಂತಿ ಜೋಡಿಸುತ್ತಿದ್ದೆ, ಆಮೇಲೆ ಗಾಜಿನ ಎಳೆ. ಅದನ್ನೇ ಆಪ್ಟಿಕಲ್ ಫೈಬರ್ ಎನ್ನುತ್ತಾರೆ. ನಮ್ಮ ಪುಸ್ತಕಗಳಲ್ಲಿ ದ್ಯುತಿತಂತು ಎಂದಿದೆ. ಇವತ್ತು ಅದರಲ್ಲಿ ಒಂದು ಬಗೆಯಾದ ಸಿಂಗಲ್ ಮೋಡ್ ಫೈಬರ್ ಬಗ್ಗೆ ನಾಲ್ಕು ಮಾತು ಹೇಳುತ್ತೇನೆ.

ನಮ್ಮ ಮಳವಳ್ಳಿ ತಾಲ್ಲೂಕಿಗೆ ತಂತಿಯ ಕಥೆ ಹೊಸದಲ್ಲ. 1902ರಲ್ಲಿ ಶಿವನಸಮುದ್ರದಲ್ಲಿ ಹುಟ್ಟಿದ ವಿದ್ಯುತ್ತು ನೂರನಲವತ್ತು ಕಿಲೋಮೀಟರಿಗೂ ಹೆಚ್ಚು ದೂರ ಹೋಗಿ ಕೋಲಾರದ ಚಿನ್ನದ ಗಣಿ ಮುಟ್ಟಿತು. ಅಷ್ಟು ದೂರ ವಿದ್ಯುತ್ ಸಾಗಿಸುವುದು ಆ ಕಾಲಕ್ಕೆ ಜಗತ್ತೇ ತಿರುಗಿ ನೋಡಿದ ಕೆಲಸ. ಈಗ ಅದೇ ನೆಲದೊಳಗೆ ವಿದ್ಯುತ್ತಿನ ಬದಲು ಬೆಳಕು ಹರಿಯುತ್ತಿದೆ. ಗ್ರಾಮ ಪಂಚಾಯಿತಿಗಳಿಗೆ ಫೈಬರ್ ಎಳೆಯುವ ಯೋಜನೆಗೆ ಕೇಂದ್ರ ಸಂಪುಟ 2011ರಲ್ಲಿ ಒಪ್ಪಿಗೆ ಕೊಟ್ಟಿತು. ಅದಕ್ಕೆ ಈಗ ಭಾರತ್‌ನೆಟ್ ಎಂದು ಹೆಸರು.

ಈ ಎಳೆ ಎಷ್ಟು ದಪ್ಪ? ಒಂದು ಮಿಲಿಮೀಟರನ್ನು ಸಾವಿರ ಭಾಗ ಮಾಡಿದರೆ ಒಂದು ಭಾಗಕ್ಕೆ ಒಂದು ಮೈಕ್ರಾನ್. ಗಾಜಿನ ಎಳೆಯ ಹೊರವ್ಯಾಸ 125 ಮೈಕ್ರಾನ್, ಅಂದರೆ ಮಿಲಿಮೀಟರಿನ ಎಂಟನೆಯ ಒಂದು ಪಾಲು. ಅದರ ಮೇಲೆ ಪ್ಲಾಸ್ಟಿಕ್ ಲೇಪ ಬಳಿದಾಗ 250 ಮೈಕ್ರಾನ್ ಆಗುತ್ತದೆ. ಆದರೆ ಬೆಳಕು ಹೋಗುವುದು ನಟ್ಟನಡುವಿನ ತಿರುಳಿನಲ್ಲಿ. ಆ ತಿರುಳಿನ ವ್ಯಾಸ 8ರಿಂದ 10 ಮೈಕ್ರಾನ್ ಮಾತ್ರ. ಗಾಜಿನ ಎಳೆಯನ್ನು ನಾಲ್ಕು ಅಡಿಯ ಗಾಡಿ ಚಕ್ರದಷ್ಟು ದೊಡ್ಡದು ಮಾಡಿದರೆ, ಅಚ್ಚು ತೂರುವ ಜಾಗದಲ್ಲಿ ಮೂರೂವರೆ ಅಂಗುಲದ ಒಂದು ವೃತ್ತ, ಅಷ್ಟೇ ತಿರುಳು. ಮಿಕ್ಕಿದ್ದೆಲ್ಲ ಹೊದಿಕೆ.

ತಿರುಳೂ ಗಾಜೇ, ಹೊದಿಕೆಯೂ ಗಾಜೇ. ಹಾಗಿದ್ದರೆ ಬೆಳಕು ಹೊರಗೆ ಯಾಕೆ ಸೋರುವುದಿಲ್ಲ? ತಿರುಳಿನ ಗಾಜಿಗೆ ಸಾಮಾನ್ಯವಾಗಿ ಜರ್ಮೇನಿಯಂ ಆಕ್ಸೈಡ್ ಬೆರೆಸಿರುತ್ತಾರೆ. ಅದರಿಂದ ಅದರ ವಕ್ರೀಭವನ ಸೂಚ್ಯಂಕ ಹೊದಿಕೆಗಿಂತ ತುಸು ಹೆಚ್ಚಾಗುತ್ತದೆ. ಹೆಚ್ಚೆಂದರೆ ಎಷ್ಟು? ಶೇಕಡಾ ಒಂದರಲ್ಲಿ ಸುಮಾರು ಮೂರನೆಯ ಒಂದು ಪಾಲು. ಅಷ್ಟು ವ್ಯತ್ಯಾಸವೇ ಸಾಕು. ಓರೆಯಾಗಿ ಬಂದು ಗಡಿ ಮುಟ್ಟಿದ ಬೆಳಕು ಪೂರ್ತಿ ಒಳಕ್ಕೇ ಹಿಂದಿರುಗುತ್ತದೆ. ಇದೇ ಸಂಪೂರ್ಣ ಆಂತರಿಕ ಪ್ರತಿಫಲನ. ಗಾಜಿನ ಲೋಟದಲ್ಲಿ ನೀರು ತುಂಬಿ, ಪಕ್ಕದಿಂದ ಕೆಳಗೆ ಬಗ್ಗಿ ನೀರಿನ ಮೇಲ್ಮೈಯನ್ನು ಓರೆಯಾಗಿ ನೋಡಿ, ಅದು ಕನ್ನಡಿಯ ಹಾಗೆ ಹೊಳೆಯುತ್ತದೆ. ಇದನ್ನು ಮನೆಯಲ್ಲೇ ನೋಡಿ. ಮುತ್ತತ್ತಿಯ ಹೊಳೆಗಿಳಿದು ನೋಡಲು ಹೋಗಬೇಡಿ, ಅಲ್ಲಿಯ ಸುಳಿಗಳ ವಿಷಯ ನಿಮಗೆಲ್ಲ ಗೊತ್ತಿದೆ.

ಇನ್ನು ಮುಖ್ಯ ಪ್ರಶ್ನೆ. ದಾರಿ ದೊಡ್ಡದಿದ್ದರೆ ಹೆಚ್ಚು ಬೆಳಕು ಹೋಗಬಹುದಲ್ಲ, ಇಷ್ಟು ಸಣ್ಣದು ಯಾಕೆ? ದೊಡ್ಡ ತಿರುಳಿನ ಫೈಬರ್ ಇದೆ. ಅದು ಮಲ್ಟಿಮೋಡ್, ಅದರ ತಿರುಳು 50 ಅಥವಾ 62.5 ಮೈಕ್ರಾನ್. ಶಾಲೆ ಬಿಟ್ಟ ಗಂಟೆ ಹೊಡೆದಾಗ ಏನಾಗುತ್ತದೆ? ಕೆಲವರು ರಸ್ತೆ ಹಿಡಿಯುತ್ತೀರಿ, ಕೆಲವರು ಗದ್ದೆ ಬದು, ಕೆಲವರು ನಾಲೆ ಏರಿ. ಒಟ್ಟಿಗೆ ಹೊರಟರೂ ಊರು ಸೇರುವುದು ಒಬ್ಬೊಬ್ಬರು ಒಂದೊಂದು ಹೊತ್ತಿಗೆ. ದೊಡ್ಡ ತಿರುಳಿನಲ್ಲಿ ಬೆಳಕಿನ ಪಾಡೂ ಅದೇ. ಒಂದು ಮಿಣುಕು ನೂರಾರು ದಾರಿ ಹಿಡಿದು, ಕೊನೆ ಮುಟ್ಟುವಾಗ ಹರಡಿಕೊಂಡು, ಹಿಂದೆ ಬರುವ ಮಿಣುಕಿನ ಜೊತೆ ಕಲಸಿಹೋಗುತ್ತದೆ. ಒಂದು ಕಟ್ಟಡದೊಳಗೆ ಅದು ನಡೆಯುತ್ತದೆ, ಊರಿಂದ ಊರಿಗೆ ನಡೆಯುವುದಿಲ್ಲ. ತಿರುಳನ್ನು ಸಾಕಷ್ಟು ಸಣ್ಣದು ಮಾಡಿದರೆ ಬೆಳಕಿಗೆ ಉಳಿಯುವುದು ಒಂದೇ ಬಗೆಯ ನಡಿಗೆ. ಅದಕ್ಕೇ ಸಿಂಗಲ್ ಮೋಡ್ ಎಂಬ ಹೆಸರು.

ಎಷ್ಟು ಸಣ್ಣದು ಮಾಡಿದರೆ ಸಾಕು ಎನ್ನುವುದಕ್ಕೆ ಲೆಕ್ಕವಿದೆ. ಹತ್ತನೆಯ ತರಗತಿಯವರು ಬರೆದುಕೊಳ್ಳಿ. 3.14ನ್ನು ತಿರುಳಿನ ವ್ಯಾಸದಿಂದ ಗುಣಿಸಿ, ಅದನ್ನು ಫೈಬರ್ ಬೆಳಕು ಹಿಡಿಯುವ ಕೋನದ ಸಂಖ್ಯೆಯಿಂದ ಗುಣಿಸಿ, ಬಂದದ್ದನ್ನು ಬೆಳಕಿನ ತರಂಗದೂರದಿಂದ ಭಾಗಿಸಿ. ಉತ್ತರ 2.405ಕ್ಕಿಂತ ಕಡಿಮೆ ಬಂದರೆ ಒಂದೇ ದಾರಿ. ವ್ಯಾಸ 8.2 ಮೈಕ್ರಾನ್, ಕೋನದ ಸಂಖ್ಯೆ 0.12, ತರಂಗದೂರ 1.31 ಮೈಕ್ರಾನ್ ಎಂದು ಇಟ್ಟರೆ 2.36 ಬರುತ್ತದೆ. ಸರಿಯಾಯಿತು. ಅದೇ ಫೈಬರಿಗೆ 0.65 ಮೈಕ್ರಾನಿನ ಕೆಂಪು ಬೆಳಕು ಬಿಟ್ಟರೆ ಉತ್ತರ 4.75. ಆಗ ಅದು ಸಿಂಗಲ್ ಮೋಡ್ ಅಲ್ಲವೇ ಅಲ್ಲ. ಗಾಜೊಂದನ್ನೇ ನೋಡಿ ಹೇಳುವ ಗುಣವಲ್ಲ ಇದು, ಯಾವ ಬೆಳಕು ಬಿಡುತ್ತೀರಿ ಎನ್ನುವುದೂ ಸೇರಬೇಕು.

ಇನ್ನೊಂದು ಸೋಜಿಗ. ಬೆಳಕು ಪೂರ್ತಿ ತಿರುಳಿನೊಳಗೇ ಇರುವುದಿಲ್ಲ, ಸ್ವಲ್ಪ ಹೊದಿಕೆಯಲ್ಲೂ ಹರಡಿಕೊಂಡು ಸಾಗುತ್ತದೆ. ಅದಕ್ಕಾಗಿ ಜಿ.652 ಎಂಬ ಅಂತರರಾಷ್ಟ್ರೀಯ ಮಾನದಂಡದಲ್ಲಿ ತಿರುಳಿನ ವ್ಯಾಸ ನಿಗದಿ ಮಾಡಿಲ್ಲ, ಬೆಳಕು ಹರಡುವ ವ್ಯಾಸ ನಿಗದಿ ಮಾಡಿದ್ದಾರೆ. 1310 ನ್ಯಾನೋಮೀಟರ್ ಬೆಳಕಿಗೆ ಅದು ಸುಮಾರು 9 ಮೈಕ್ರಾನ್, 1550ಕ್ಕೆ ಇನ್ನೂ ಸ್ವಲ್ಪ ಹೆಚ್ಚು. ಫೈಬರನ್ನು ತೀರಾ ಬಗ್ಗಿಸಿದರೆ ಹೀಗೆ ಹೊರಗೆ ಚಾಚಿಕೊಂಡ ಬೆಳಕೇ ಮೊದಲು ಸೋರುವುದು. ಎಮ್ಮೆ ಕಟ್ಟುವ ಹಗ್ಗದ ಹಾಗೆ ಕೇಬಲನ್ನು ಗಂಟು ಹಾಕಬಾರದು ಎನ್ನುವುದು ಇದಕ್ಕೇ.

1960ರ ದಶಕದಲ್ಲಿ ಗಾಜಿನೊಳಗೆ ಬೆಳಕು ನೂರಿನ್ನೂರು ಗಜ ಹೋಗುವಷ್ಟರಲ್ಲಿ ಸತ್ತುಹೋಗುತ್ತಿತ್ತು. ತಪ್ಪು ಗಾಜಿನದಲ್ಲ, ಅದರೊಳಗಿನ ಕಲ್ಮಶದ್ದು ಎಂದು 1966ರಲ್ಲಿ ತೋರಿಸಿದವರು ಚಾರ್ಲ್ಸ್ ಕಾವ್. ಒಂದು ಕಿಲೋಮೀಟರಿನ ಕೊನೆಗೆ ನೂರರಲ್ಲಿ ಒಂದು ಪಾಲು ಬೆಳಕು ಉಳಿದರೂ ಸಾಕು ಎನ್ನುವುದು ಆಗಿನ ಗುರಿ. 1970ರಲ್ಲಿ ಅಮೆರಿಕದ ಕಾರ್ನಿಂಗ್ ಕಂಪನಿಯವರು ಆ ಗುರಿ ಮುಟ್ಟಿದರು. ಕಾವ್ ಅವರಿಗೆ 2009ರಲ್ಲಿ ನೊಬೆಲ್ ಬಂತು. ಅವರಿಗೂ ಮೊದಲೇ, 1954ರಲ್ಲಿ, ಗಾಜಿನ ಎಳೆಗಳ ಕಟ್ಟಿನ ಮೂಲಕ ಚಿತ್ರ ಸಾಗಿಸಿ ತೋರಿಸಿದ್ದವರಲ್ಲಿ ನಮ್ಮ ಪಂಜಾಬಿನ ನರಿಂದರ್ ಸಿಂಗ್ ಕಪಾನಿ ಒಬ್ಬರು. ಇವತ್ತಿನ ಒಳ್ಳೆಯ ಫೈಬರಿನಲ್ಲಿ 1550 ನ್ಯಾನೋಮೀಟರ್ ಬೆಳಕು ಸುಮಾರು 15 ಕಿಲೋಮೀಟರ್ ಹೋದ ಮೇಲೂ ಅರ್ಧ ಉಳಿದಿರುತ್ತದೆ.

ಈಗ ನನ್ನ ಕೆಲಸದ ಮಾತು. ಎರಡು ತುದಿ ಜೋಡಿಸುವಾಗ ಲೇಪ ಸುಲಿದು, ಒರೆಸಿ, ನೇರಕ್ಕೆ ಕತ್ತರಿಸಿ, ಯಂತ್ರದಲ್ಲಿಟ್ಟು ವಿದ್ಯುತ್ ಕಿಡಿಯಿಂದ ಕರಗಿಸಿ ಬೆಸೆಯುತ್ತೇವೆ. ತಿರುಳು ತಿರುಳಿಗೆ ಕೂರಬೇಕು. ಒಂದೇ ಒಂದು ಮೈಕ್ರಾನ್ ಪಕ್ಕಕ್ಕೆ ಸರಿದರೂ, ಸರಿಸುಮಾರು ಒಂದು ಕಿಲೋಮೀಟರ್ ಫೈಬರಿನಲ್ಲಿ ಆಗುವಷ್ಟು ಬೆಳಕು ಆ ಒಂದು ಜಾಗದಲ್ಲೇ ನಷ್ಟ. ಕಣ್ಣಿಗೆ ಕಾಣದ ಧೂಳಿನ ಕಣ ದಾರಿ ಮುಚ್ಚಬಲ್ಲದು. ಈ ಕೆಲಸದಲ್ಲಿ ತೋಳಿನ ಬಲಕ್ಕಿಂತ ಕೈಯ ಶುದ್ಧಿ ಮುಖ್ಯ.

ಒಂದು ಸಲ ಒಂದು ಊರಿನಲ್ಲಿ ನೀರಿನ ಪೈಪಿಗೆ ನೆಲ ಅಗೆಯುವಾಗ ಯಂತ್ರದ ಹಲ್ಲಿಗೆ ಕೇಬಲ್ ಸಿಕ್ಕಿ ತುಂಡಾಯಿತು. ಒಳಗೆ ತಾಮ್ರ ಇದೆಯೆಂದು ಯಾರೋ ಇನ್ನೂ ಎರಡು ಮಾರು ಕತ್ತರಿಸಿ ಒಯ್ದಿದ್ದರು. ನಾಲ್ಕು ದಿನ ಪಂಚಾಯಿತಿಯ ಕಂಪ್ಯೂಟರ್ ನಿಂತಿತು. ಪಹಣಿ ಇಲ್ಲ, ಅರ್ಜಿ ಇಲ್ಲ. ವಿದ್ಯಾರ್ಥಿವೇತನದ ಕೊನೆಯ ದಿನವೆಂದು ಒಬ್ಬ ಹುಡುಗಿ ತಂದೆಯ ಜೊತೆ ಬಂದು ಗುಂಡಿಯ ಪಕ್ಕದಲ್ಲೇ ಕೂತಿದ್ದಳು. ನಾವು ಒಂದು ತುದಿಯಿಂದ ಮಿಣುಕು ಬಿಟ್ಟು, ಹಿಂದಿರುಗುವ ಹೊತ್ತು ಅಳೆದೆವು. ಗಾಜಿನಲ್ಲಿ ಬೆಳಕು ಸೆಕೆಂಡಿಗೆ ಸುಮಾರು ಎರಡು ಲಕ್ಷ ಕಿಲೋಮೀಟರ್ ಹೋಗುತ್ತದೆ. ಹೋಗಿ ಬರಲು ಕಿಲೋಮೀಟರಿಗೆ ಹತ್ತು ಮೈಕ್ರೋಸೆಕೆಂಡ್. ಯಂತ್ರ 64 ತೋರಿಸಿತು, ಅಂದರೆ 6.4 ಕಿಲೋಮೀಟರ್. ತುಂಡಾದ ಜಾಗ ನಮ್ಮ ಕಣ್ಣ ಮುಂದಿದ್ದದ್ದು ಎಂಟರಲ್ಲಿ. ಹಾಗಾದರೆ ನಡುವೆ ಇನ್ನೊಂದು ಕಡೆಯೂ ತುಂಡಾಗಿತ್ತು. ಮುತ್ತತ್ತಿರಾಯ ಸೀತಮ್ಮನ ಮೂಗುತಿಯ ಮುತ್ತನ್ನು ಹೊಳೆಯಲ್ಲಿ ಹುಡುಕಿಕೊಟ್ಟ ಎನ್ನುತ್ತಾರಲ್ಲ, ನಮಗೆ ಅಂದು ಹುಡುಕಿಕೊಟ್ಟದ್ದು ಒಂದು ಭಾಗಾಕಾರ. ಎರಡೂ ಕಡೆ ಬೆಸೆದು, ಸಂಜೆಯೊಳಗೆ ಆ ಮಗುವಿನ ಅರ್ಜಿ ಹೋಯಿತು.

ಆದ್ದರಿಂದ ಊರಿನವರಲ್ಲಿ ನನ್ನ ಕೋರಿಕೆ. ಅಗೆಯುವ ಮೊದಲು ಪಂಚಾಯಿತಿಯಲ್ಲಿ ಕೇಳಿ. ಕೇಬಲಿನ ಎಳೆಗಳು ಗಾಜು, ಅವುಗಳಲ್ಲಿ ತಾಮ್ರವಿಲ್ಲ. ಮಕ್ಕಳೇ, ತುಂಡಾದ ಕೇಬಲ್ ಕಂಡರೆ ಮುಟ್ಟಬೇಡಿ. ಗಾಜಿನ ಚೂರು ಚರ್ಮಕ್ಕೆ ಚುಚ್ಚಿಕೊಂಡರೆ ಹುಡುಕಿ ತೆಗೆಯುವುದು ಕಷ್ಟ. ತುದಿಗೆ ಕಣ್ಣಿಟ್ಟು ನೋಡಲೇಬೇಡಿ. ಅದರಲ್ಲಿ ಹರಿಯುವುದು ಅವಕೆಂಪು ಬೆಳಕು, ಕಣ್ಣಿಗೆ ಕಾಣುವುದಿಲ್ಲ, ಆದರೆ ಕಣ್ಣಿಗೆ ಹಾನಿ ಮಾಡಬಲ್ಲದು.

ಗುಣಾಕಾರ, ಭಾಗಾಕಾರ, ಬೆಳಕಿನ ಪಾಠ, ಇವನ್ನೆಲ್ಲ ನಾನು ಕಲಿತದ್ದು ಈ ಶಾಲೆಯ ಕಪ್ಪುಹಲಗೆಯ ಮುಂದೆ. ಅಂಕಕ್ಕಾಗಿ ಓದಿದ್ದು ಹೊಟ್ಟೆಪಾಡಿಗೂ ಬಂತು, ಊರಿನ ಉಪಯೋಗಕ್ಕೂ ಬಂತು. ಮುಂದಿನ ಐವತ್ತು ವರ್ಷ ಈ ದಾರಿಗಳನ್ನು ಎಳೆಯುವವರು, ಕಾಯುವವರು, ಇದಕ್ಕಿಂತ ಒಳ್ಳೆಯದನ್ನು ಕಂಡುಹಿಡಿಯುವವರು ನಿಮ್ಮಲ್ಲೇ ಇರಲಿ ಎಂದು ಹಾರೈಸಿ ನನ್ನ ಮಾತು ಮುಗಿಸುತ್ತೇನೆ.