ಕಣ್ಣಿಲ್ಲದ ಮೀನಿನ ಕುಲಗೋತ್ರ

ಒಂದು ಮೀನಿಗೆ ಶಾಸ್ತ್ರೀಯ ಹೆಸರಿಡುವುದು ಮೇಲುನೋಟಕ್ಕೆ ಸುಲಭದ ಕೆಲಸ. ಈಜುರೆಕ್ಕೆಗಳು ಹೇಗಿವೆ, ಮೈಬಣ್ಣ ಯಾವುದು, ಕಣ್ಣು ಎಷ್ಟು ದೊಡ್ಡದು ಎಂದು ನೋಡಬೇಕು. ಗೊತ್ತಿರುವ ಮೀನುಗಳೊಡನೆ ಹೋಲಿಸಬೇಕು. ಬೇರೆಯೆಂದು ಕಂಡರೆ ಹೊಸ ಹೆಸರು ಕೊಡಬೇಕು. ಆದರೆ ಕಣ್ಣೂ ಇಲ್ಲದ, ಬಣ್ಣವೂ ಇಲ್ಲದ ಮೀನು ಸಿಕ್ಕಾಗ ಈ ಲೆಕ್ಕ ಕೈಕೊಡುತ್ತದೆ. ಅದಕ್ಕೆ ಎರಡು ಒಳ್ಳೆಯ ನಿದರ್ಶನಗಳಿವೆ. ಒಂದು ದೂರದ ಮೆಕ್ಸಿಕೋದ್ದು, ಇನ್ನೊಂದು ನೆರೆಯ ಕೇರಳದ್ದು.

ಅಮೆರಿಕದ ಕೆಂಟಕಿಯ ಮ್ಯಾಮತ್ ಗುಹೆಯ ಕುರುಡು ಮೀನಿಗೆ 1842ರಲ್ಲಿ ಶಾಸ್ತ್ರೀಯ ಹೆಸರು ದೊರೆಯಿತು. ಇಂದು ನೆಲದಡಿಯ ಕತ್ತಲ ನೀರಿನಲ್ಲಿ ಬದುಕುವ ಸುಮಾರು 300 ಪ್ರಭೇದದ ಮೀನುಗಳು ಗೊತ್ತಿವೆ. ಇವೆಲ್ಲ ಒಂದೇ ಮನೆತನದವಲ್ಲ ಎಂಬುದನ್ನು ಮೊದಲು ಗಮನಿಸಬೇಕು. ಗೆಂಡೆ ಮೀನಿನ ಬಳಗದವು ಇವೆ, ಮೀಸೆ ಮೀನಿನ ಬಳಗದವೂ ಇವೆ. ಬೇರೆ ಬೇರೆ ಮನೆತನದವರು ಒಂದೇ ಕತ್ತಲ ಕೋಣೆ ಹೊಕ್ಕು ಒಂದೇ ವೇಷ ತಳೆದಂತೆ! ಕುರುಡುತನ ಬಂಧುತ್ವದ ಗುರುತಲ್ಲ.

ಇನ್ನು ಮೆಕ್ಸಿಕೋದ ಕತೆ. ಆ ದೇಶದ ಸಾನ್ ಲೂಯಿಸ್ ಪೊಟೊಸಿ ಪ್ರಾಂತದ 'ಕ್ವೇವಾ ಚೀಕಾ' ಎಂಬ ಗುಹೆಯಲ್ಲಿ ಸಿಕ್ಕ, ಕಣ್ಣಿಲ್ಲದ ಬಿಳಿಚು ಮೀನನ್ನು ಹಬ್ಸ್ ಮತ್ತು ಇನ್ಸ್ 1936ರಲ್ಲಿ ವರ್ಣಿಸಿದರು. ಅದು ಎಷ್ಟು ವಿಚಿತ್ರವಾಗಿ ಕಂಡಿತೆಂದರೆ, ಹೊಸ ಪ್ರಭೇದ ಮಾತ್ರ ಸಾಲದೆಂದು ಹೊಸ ಕುಲವನ್ನೇ ಕಟ್ಟಿ 'ಅನಾಪ್ಟಿಕ್ತಿಸ್ ಜೋರ್ಡಾನಿ' ಎಂದು ಕರೆದರು. ಕುಲದ ಹೆಸರಿನ ಅರ್ಥವೇ ಕಣ್ಣಿಲ್ಲದ ಮೀನು ಎಂದು. 1946 ಮತ್ತು 1947ರಲ್ಲಿ ಬೇರೆ ಎರಡು ಗುಹೆಗಳ ಮೀನುಗಳಿಗೂ ಬೇರೆ ಬೇರೆ ಹೆಸರು ಬಂತು. ಒಂದು ಕುಲ, ಮೂರು ಪ್ರಭೇದ ಎಂದಾಯಿತು.

ಆದರೆ ಗುಹೆಯ ಹೊರಗಿನ ಹೊಳೆಗಳಲ್ಲಿ ಬೆಳ್ಳಿ ಬಣ್ಣದ, ಕಣ್ಣುಳ್ಳ 'ಆಸ್ಟಿಯಾನಾಕ್ಸ್' ಮೀನುಗಳು ಈಜಾಡುತ್ತಿದ್ದವು. ತೊಟ್ಟಿಯಲ್ಲಿ ಎರಡನ್ನೂ ಕೂಡಿಸಿದಾಗ ಮರಿಗಳಾದವು; ಆ ಮರಿಗಳೂ ಬೆಳೆದು ಮರಿ ಹಾಕಿದವು. ಕುದುರೆ ಮತ್ತು ಕತ್ತೆಗೆ ಹುಟ್ಟುವ ಹೇಸರಗತ್ತೆಯಂತೆ ಅವು ಬಂಜೆಯಾಗಲಿಲ್ಲ. ಪ್ರತ್ಯೇಕ ಕುಲದ ವಾದ ಕುಸಿಯಿತು. ಈಗ ಹೆಚ್ಚಿನ ಸಂಶೋಧಕರು ಗುಹೆಯ ಮೀನನ್ನೂ ಹೊಳೆಯ ಮೀನನ್ನೂ 'ಆಸ್ಟಿಯಾನಾಕ್ಸ್ ಮೆಕ್ಸಿಕಾನಸ್' ಎಂಬ ಒಂದೇ ಪ್ರಭೇದವೆಂದು ಎಣಿಸುತ್ತಾರೆ. ಕೆಲವರ ಪಟ್ಟಿಯಲ್ಲಿ ಮಾತ್ರ ಜೋರ್ಡಾನಿ ಬೇರೆಯಾಗಿಯೇ ಉಳಿದಿದೆ.

ಹಾಗಾದರೆ ಕಣ್ಣು ಹೋದದ್ದು ಎಲ್ಲಿ? ಗುಹೆಯ ಮೀನಿನ ಭ್ರೂಣದಲ್ಲಿ ಕಣ್ಣು ಮೊಳೆಯುತ್ತದೆ. ಆಮೇಲೆ ಅದರ ಮಸೂರ ಸಾಯುತ್ತದೆ, ಕಣ್ಣು ಕುಗ್ಗಿ ಚರ್ಮದಡಿ ಅಡಗುತ್ತದೆ. ಹೊಳೆಯ ಮೀನಿನ ಮಸೂರವನ್ನು ಗುಹೆಯ ಮೀನಿನ ಭ್ರೂಣದಲ್ಲಿ ನೆಟ್ಟಾಗ ಕಣ್ಣು ಬೆಳೆಯಿತೆಂದು 2000ದಲ್ಲಿ ಯಮಾಮೊಟೊ ಮತ್ತು ಜೆಫ್ರಿ ತೋರಿಸಿಕೊಟ್ಟರು. 2008ರಲ್ಲಿ ರಿಚರ್ಡ್ ಬೊರೊವ್‌ಸ್ಕಿ ಪ್ರಕಟಿಸಿದ ಪ್ರಯೋಗ ಇನ್ನೂ ಸೋಜಿಗದ್ದು. ಬೇರೆ ಬೇರೆ ಗುಹೆಗಳ ಎರಡು ಕುರುಡು ಮೀನುಗಳನ್ನು ಕೂಡಿಸಿದಾಗ ಹುಟ್ಟಿದ ಮರಿಗಳಲ್ಲಿ ಕೆಲವಕ್ಕೆ ದೃಷ್ಟಿ ಇತ್ತು! ಒಬ್ಬನ ಗಾಡಿಗೆ ಗಾಲಿಯಿಲ್ಲ, ಇನ್ನೊಬ್ಬನದಕ್ಕೆ ನೊಗವಿಲ್ಲ. ಎರಡರಲ್ಲಿ ಉಳಿದದ್ದನ್ನು ಜೋಡಿಸಿದರೆ ಒಂದು ಗಾಡಿ ಓಡುತ್ತದೆ. ಹಾಗೆಯೇ ಒಂದೊಂದು ಗುಹೆಯಲ್ಲಿ ಕೆಟ್ಟಿದ್ದ ವಂಶವಾಹಿಗಳು ಬೇರೆ ಬೇರೆ. ಅಂದರೆ ಒಂದೇ ಬಳಗದ ಮೀನುಗಳು ಬೇರೆ ಬೇರೆ ಗುಹೆಗಳಲ್ಲಿ ತಮ್ಮಷ್ಟಕ್ಕೆ ತಾವೇ ಕಣ್ಣು ಕಳೆದುಕೊಂಡಿದ್ದವು.

ಕೇರಳದ್ದು ಇದಕ್ಕೆ ತೀರ ವಿರುದ್ಧವಾದ ಪ್ರಸಂಗ. ಅಲ್ಲಿಯ ಜಂಬಿಟ್ಟಿಗೆ ಕಲ್ಲಿನ ಪದರಗಳೊಳಗಿನ ಅಂತರ್ಜಲದಲ್ಲಿ ಬೆರಳಿಗಿಂತ ಚಿಕ್ಕದಾದ, ರಕ್ತಗೆಂಪಿನ ಕುರುಡು ಮೀಸೆ ಮೀನು ವಾಸಿಸುತ್ತದೆ. ತೋಡಿದ ಬಾವಿಯಲ್ಲಿ ಆಗೊಮ್ಮೆ ಈಗೊಮ್ಮೆ ಕಾಣಿಸಿಕೊಳ್ಳುತ್ತದೆ. ಕೋಟ್ಟಯಂ ಕಡೆಯ ಬಾವಿಯಲ್ಲಿ ಸಿಕ್ಕಿದ್ದನ್ನು 1950ರಲ್ಲಿ ಎ. ಜಿ. ಕೆ. ಮೆನನ್ 'ಹೋರಾಗ್ಲಾನಿಸ್ ಕೃಷ್ಣೈ' ಎಂದು ಹೆಸರಿಸಿದರು. ಮತ್ಸ್ಯವಿಜ್ಞಾನಿ ಸುಂದರ್ ಲಾಲ್ ಹೋರಾ ಅವರ ಹೆಸರು ಈ ಕುಲಕ್ಕೆ ಸಂದಿತು. 2004ರಲ್ಲಿ ಎರಡನೆಯ, 2012ರಲ್ಲಿ ಮೂರನೆಯ ಪ್ರಭೇದ ಸೇರಿದವು.

ನಾಲ್ಕನೆಯದು 2023ರಲ್ಲಿ ಪ್ರಕಟವಾದ 'ಹೋರಾಗ್ಲಾನಿಸ್ ಪಾಪ್ಯುಲಿ'. ಹೊರರೂಪ ನೋಡಿ ಇದನ್ನು ಉಳಿದವುಗಳಿಂದ ಬೇರ್ಪಡಿಸುವುದು ಕಷ್ಟ, ಡಿ.ಎನ್.ಎ. ಪರೀಕ್ಷೆ ಮಾತ್ರ ಇದು ಬೇರೆಯೇ ಎಂದು ಹೇಳಿತು. ಮೆಕ್ಸಿಕೋದಲ್ಲಿ ರೂಪ ಬೇರೆಯಾದರೂ ಪ್ರಭೇದ ಒಂದು. ಕೇರಳದಲ್ಲಿ ರೂಪ ಒಂದೇ, ಪ್ರಭೇದಗಳು ಬೇರೆ.

ಹೆಸರು ಯಾವುದಾದರೇನು ಎಂದು ಯಾರಾದರೂ ಕೇಳಬಹುದು. ಕೇರಳದ ಕೆಂಪು ಮೀನುಗಳೆಲ್ಲ ಒಂದೇ ಎಂದು ಬರೆದುಕೊಂಡರೆ, ಒಂದೂರಿನ ಅಂತರ್ಜಲ ಬತ್ತಿದಾಗ ಇನ್ನೊಂದೂರಿನಲ್ಲಿ ಅದು ಇದೆಯಲ್ಲ ಎಂದು ಸುಮ್ಮನಾಗುತ್ತೇವೆ. ಬೇರೆ ಬೇರೆ ಎಂದು ಗೊತ್ತಿದ್ದರೆ, ಆ ಊರಿನ ನೀರಿನೊಡನೆ ಒಂದು ವಂಶವೇ ಅಳಿಯುತ್ತದೆಂದು ತಿಳಿಯುತ್ತದೆ. ಜಂಬಿಟ್ಟಿಗೆಯ ಗಣಿಗಳೂ ಪಂಪುಗಳೂ ಈ ಮೀನಿನ ಮನೆಯನ್ನೇ ಅಗೆಯುತ್ತಿವೆ, ಬರಿದು ಮಾಡುತ್ತಿವೆ.

ನೆಲದಡಿಗೆ ಬಲೆ ಬೀಸಲಾಗದು. ಕೊಡದಲ್ಲೋ ನಲ್ಲಿಯಲ್ಲೋ ಬಂದ ಕೆಂಪು ಎಳೆಯಂಥ ಜೀವವನ್ನು ಚೆಲ್ಲದೆ, ಸಂಶೋಧಕರಿಗೆ ಸುದ್ದಿ ಮುಟ್ಟಿಸಿದವರು ಬಾವಿಯ ಮನೆಯವರೇ. ನಾಲ್ಕನೆಯ ಪ್ರಭೇದದ 'ಪಾಪ್ಯುಲಿ' ಎಂಬ ಲ್ಯಾಟಿನ್ ಹೆಸರಿಗೆ 'ಜನರದು' ಎಂದು ಅರ್ಥ. ಆ ಹೆಸರು ಸಂದಿರುವುದು ಅವರಿಗೆ.